ಕಾರ್ನರಿನವನ ಕೈ

4 ನವೆಂಬರ್ 2024, ಸೋಮವಾರ

ಈ ಪುಸ್ತಕ ಜ್ಯೋತಿಲಕ್ಷ್ಮಿ ತಂದುಕೊಟ್ಟದ್ದು. "ದಿನಾ ನನ್ನ ತಲೆ ತಿನ್ನೋದು ಬಿಟ್ಟು ಇದರ ತಲೆ ತಿನ್ರಿ. ಇದು ಬೆಳಿಗ್ಗೆ ಎದ್ದು ಗಾರ್ಮೆಂಟ್ಸ್ ಬಸ್ ಹಿಡೀಬೇಕಾಗಿಲ್ಲ" ಎಂದಳು. ಹೆಂಡತಿಯ ಮಾತಿನಲ್ಲಿ ತಪ್ಪಿಲ್ಲ. ನನಗೆ ಯೋಚನೆ ಹತ್ತಿಕೊಂಡರೆ ಪಕ್ಕದಲ್ಲಿದ್ದವರಿಗೂ ನೆಮ್ಮದಿಯಿಲ್ಲ. ಏನಂತ ಬರೆಯಲಿ ಎಂದು ಕೇಳಿದ್ದಕ್ಕೆ, "ಪುಸ್ತಕಕ್ಕೆ ಏನೂ ಗೊತ್ತಿರಲ್ಲ, ಮೊದಲಿಂದ ಹೇಳಿ" ಎಂದಳು.

ಮೊದಲಿನಿಂದ ಎಂದರೆ ನಾನು ಕೆಂಪರಾಜ್, ಕುಂದಾಣದ ಕಡೆಯವನು. ಏಳನೇ ಕ್ಲಾಸನ್ನು ಅರ್ಧಕ್ಕೆ ಬಿಟ್ಟೆ. ಎರಡು ವರ್ಷವಾದ ಮೇಲೆ ಮತ್ತೆ ಸೇರಿ ಎಂಟನ್ನೂ ಅರ್ಧಕ್ಕೆ ಬಿಟ್ಟೆ. ಎರಡು ಅರ್ಧ ಸೇರಿದರೆ ಒಂದು ಎಂದು ಲೆಕ್ಕದ ಮೇಷ್ಟ್ರು ಹೇಳಿಕೊಟ್ಟಿದ್ದರು, ನನ್ನ ಪಾಲಿಗೆ ಆಗಲಿಲ್ಲ. ಕಬಡ್ಡಿ ಕೈ ಹಿಡಿಯಿತು. ದೊಡ್ಡಬಳ್ಳಾಪುರ ಲಾಳಿ ತಂಡಕ್ಕೆ ಸಂಬಳದ ಮೇಲೆ ಆಡುತ್ತೇನೆ. ನನ್ನ ಜಾಗ ಲೆಫ್ಟ್ ಕಾರ್ನರ್. ವಯಸ್ಸು ಮೂವತ್ತೈದು. ಹೀಗೆ ಬರೆದಾಗ ಹೆಚ್ಚೆನಿಸುತ್ತದೆ, ಮ್ಯಾಟಿನ ಮೇಲೆ ಇನ್ನೂ ಹೆಚ್ಚು.

ಇವತ್ತು ಮಾಲೀಕ ಮನೋಹರ್ ತಮ್ಮ ಮಗ್ಗದ ಶೆಡ್ಡಿನಲ್ಲಿ ನಮ್ಮನ್ನೆಲ್ಲ ಕೂರಿಸಿದರು. ಮಾತು ಕೇಳಲೆಂದು ಮಗ್ಗ ನಿಲ್ಲಿಸಿದ್ದರು. ಹೋದ ವರ್ಷ ಆಡಿದ ದೊಡ್ಡ ದೊಡ್ಡ ಆಟಗಾರರನ್ನು ಬೇರೆ ತಂಡದವರು ಎತ್ತಿಕೊಂಡು ಹೋಗಿದ್ದಾರೆ. ಕೂತಿದ್ದವರಲ್ಲಿ ಬಹುಪಾಲು ಮೀಸೆ ಸರಿಯಾಗಿ ಬಾರದ ಹುಡುಗರು.

"ಈ ವರ್ಷ ನನಗೆ ಕಪ್ ಗೆಲ್ಲೋದು ಬೇಡ," ಎಂದರು. "ಹಳೇ ಸೀರೆಗೆ ತೇಪೆ ಹಾಕಿ ಹಾಕಿ ಸಾಕಾಯ್ತು. ಮಗ್ಗಕ್ಕೆ ಹೊಸದಾಗಿ ಹಾಸು ಹೂಡ್ತಾ ಇದೀನಿ. ಸೋತ್ರೂ ಪರವಾಗಿಲ್ಲ. ಸೀಸನ್ ಮುಗಿದ್ಮೇಲೆ ಯಾರನ್ನ ಇಟ್ಕೊಂಡ್ರೆ ಮುಂದಿನ ವರ್ಷ ತಂಡ ನಿಲ್ಲುತ್ತೋ ಅವರನ್ನ ಇಟ್ಕೊಳ್ತೀನಿ. ಉಳಿದೋರಿಗೆ ಶಾಲು ಹೊದಿಸಿ ಕಳಿಸ್ತೀನಿ."

ಶಾಲು ಎಂದಾಗ ಯಾರೂ ನನ್ನ ಕಡೆ ನೋಡಲಿಲ್ಲ. ಅದಕ್ಕೇ ಹೆದರಿಕೆಯಾಯಿತು.

7 ನವೆಂಬರ್, ಗುರುವಾರ

ನನ್ನ ಪಕ್ಕಕ್ಕೆ, ಲೆಫ್ಟ್ ಇನ್ ಜಾಗಕ್ಕೆ, ಅಂಜನ್ ಎಂಬ ಹುಡುಗನನ್ನು ಹಾಕಿದ್ದಾರೆ. ದೊಡ್ಡಬೆಳವಂಗಲದವನು, ಇಪ್ಪತ್ತು ತುಂಬಿಲ್ಲ. ಕಾಲುಗಳು ಕುದುರೆಯವು.

ಪುಸ್ತಕಕ್ಕೆ ಗೊತ್ತಿರಲಿ: ಎದುರಾಳಿ ರೈಡರ್ ಕಬಡ್ಡಿ ಕಬಡ್ಡಿ ಎನ್ನುತ್ತ ಒಳಗೆ ಬಂದಾಗ ಕಾರ್ನರಿನವನೂ ಅವನ ಪಕ್ಕದವನೂ ಕೈ ಕೈ ಹಿಡಿದು ನಿಲ್ಲುತ್ತೇವೆ. ತುದಿಯಲ್ಲಿರುವವನಿಗೇ ರೈಡರಿನ ಕಾಲು ಚೆನ್ನಾಗಿ ಕಾಣುವುದು. ಹೊತ್ತು ನೋಡಿ ಅವನು ಕೈ ಒತ್ತಬೇಕು. ಒತ್ತಿದ ಕೂಡಲೇ ಪಕ್ಕದವನು ಹಿಂದೆಮುಂದೆ ನೋಡದೆ ಬೀಳಬೇಕು. ಬಾಯಿ ಬಿಡುವಂತಿಲ್ಲ, ರೈಡರಿಗೆ ಕೇಳಿಸುತ್ತದೆ. ನಮ್ಮ ಮಾತೆಲ್ಲ ಕೈಯಲ್ಲೇ.

"ಅಣ್ಣಾ, ನಿಮ್ ಕೈ ಯಾವಾಗ್ಲೂ ಹಿಂಗೇ ಬೆವರ್ತದಾ?" ಎಂದು ಅಂಜನ್ ಕೇಳಿದ.

"ಅದು ಬೆವರಲ್ಲ ಕಣ್ಲಾ, ಸರ್ವಿಸ್ಸು" ಎಂದ ಚಿಕ್ಕಬೀರಪ್ಪ. ಅವನು ರೈಟ್ ಕಾರ್ನರ್. ಹೋದ ವರ್ಷದವರಲ್ಲಿ ಉಳಿದದ್ದು ಅವನೊಬ್ಬ, ನಾನೊಬ್ಬ. ಅವನಿಗಿನ್ನೂ ಇಪ್ಪತ್ತಾರು, ನಗುವುದಕ್ಕೇನು ಕಷ್ಟ.

ಕೋಚ್ ಮುನಿಶಾಮಪ್ಪನವರು ನನ್ನನ್ನು ಪಕ್ಕಕ್ಕೆ ಕರೆದು, "ಕೆಂಪ, ನಿಂಗೆ ಗೊತ್ತಿರೋದನ್ನೆಲ್ಲ ಈ ಹುಡುಗನಿಗೆ ತುಂಬಿಸು" ಎಂದರು.

ಎಲ್ಲ ಏಕೆ? ಇನ್ ಆಡುವವನಿಗೆ ಕಾರ್ನರಿನ ಕೆಲಸ ಏಕೆ? ನನ್ನ ಜಾಗಕ್ಕೆ ನನ್ನ ಕೈಯಿಂದಲೇ ಹುಡುಗನನ್ನು ತಯಾರು ಮಾಡಿಸುತ್ತಿದ್ದಾರೆ. ಸಾಯಂಕಾಲದವರೆಗೂ ಇದನ್ನೇ ಯೋಚಿಸಿದೆ. ಕೊನೆಗೆ ಅರ್ಧ ಕಲಿಸಿದೆ. ಪಾದ ಹಿಡಿಯುವುದು ಹೇಗೆ ಎಂದು ತೋರಿಸಿದೆ. ಯಾವಾಗ ಎನ್ನುವುದನ್ನು ಹೇಳಲಿಲ್ಲ.

17 ನವೆಂಬರ್, ಭಾನುವಾರ

ಮೊದಲ ಮ್ಯಾಚು, ನೆಲಮಂಗಲದಲ್ಲಿ. ಸೋತೆವು, ಅವರ ಪಾಯಿಂಟು ನಮ್ಮದರ ದುಪ್ಪಟ್ಟಿಗಿಂತ ಹೆಚ್ಚು.

ಅಂಜನ್ ಸುಮ್ಮಸುಮ್ಮನೆ ಬೀಳುತ್ತಾನೆ. ರೈಡರ್ ಭುಜ ಅಲ್ಲಾಡಿಸಿದರೂ ಸಾಕು, ಇವನು ಗಾಳಿಯನ್ನು ತಬ್ಬಿಕೊಂಡು ನೆಲದಲ್ಲಿರುತ್ತಾನೆ. ರೈಡರ್ ಮೆಲ್ಲಗೆ ಅವನ ಬೆನ್ನು ತಟ್ಟಿ ವಾಪಸ್ಸು ನಡೆದುಕೊಂಡು ಹೋಗುತ್ತಾನೆ. ಈ ಕಾಲದ ಹುಡುಗರಿಗೆ ತಾಳ್ಮೆಯೇ ಇಲ್ಲ.

ಬಲ ಮೊಣಕಾಲು ಇಳಿಯುವಾಗ ಚುಳ್ ಎನ್ನುತ್ತದೆ, ಹತ್ತುವಾಗ ಇಲ್ಲ. ಇಳಿಯುವಾಗ ಮಾತ್ರ ಚುಳ್ ಎಂದರೆ ಏನಿರಬಹುದು? ಕೋಚಿಗೆ ಹೇಳಿಲ್ಲ.

24 ನವೆಂಬರ್, ಭಾನುವಾರ

ಹೊಸಕೋಟೆ. ಸೋತೆವು. ಬಸ್ಸಿನಲ್ಲಿ ಚಿಕ್ಕಬೀರಪ್ಪ ಕೂಡ ಕಿಟಕಿಗೆ ತಲೆಯಿಟ್ಟು ಮಲಗಿದ.

1 ಡಿಸೆಂಬರ್, ಭಾನುವಾರ

ನಮ್ಮೂರಲ್ಲೇ ಆಟ. ಜನ ಬಂದಿದ್ದರು. ಬಾರದಿದ್ದರೆ ಚೆನ್ನಾಗಿತ್ತು. ಮುಕ್ಕಾಲು ಆಟ ಮುಗಿಯುವಷ್ಟರಲ್ಲಿ ಮುಂದಿನ ಸಾಲಿನ ಮಗ್ಗದವರು, "ಲಾಳಿಯಂತೆ ಲಾಳಿ! ನೂಲು ಮುಗಿದಿರೋ ಕಂಡಿಕೆ ಕಣ್ರೋ ಇವು!" ಎಂದು ಶುರುಮಾಡಿದರು. ಮಗ್ಗದವರ ಬೈಗುಳ ಬಲು ಹದ, ಎಲ್ಲಿ ತಾಗಬೇಕೋ ಅಲ್ಲೇ ತಾಗುತ್ತದೆ.

ಆಟ ಮುಗಿದ ಮೇಲೆ ಮುನಿಶಾಮಪ್ಪನವರು ಎಲ್ಲರೆದುರಿಗೆ ಅಂಜನ್ನನ್ನು ಹಿಡಿದುಕೊಂಡರು. "ಲೋ, ನೀನೇನು ಕಪ್ಪೆಯಾ? ಯಾರೋ ನಿಂಗೆ ಬೀಳು ಅಂದೋರು?"

ಹುಡುಗ ತಲೆ ತಗ್ಗಿಸಿ ನಿಂತಿದ್ದ. ಅವರು ಹೋದ ಮೇಲೆ ನನ್ನ ಹತ್ತಿರ ಬಂದು, "ಅಣ್ಣಾ, ನೀವು ಒತ್ತಿದ್ರಲ್ಲಾ?" ಎಂದು ಮೆಲ್ಲಗೆ ಕೇಳಿದ.

"ನಾನೆಲ್ಲೋ ಒತ್ತಿದೆ? ನಿನ್ನ ಭ್ರಮೆ."

"ಹೌದಾ?" ಎಂದು ತನ್ನ ಎಡಗೈಯನ್ನು ತಿರುಗಿಸಿ ತಿರುಗಿಸಿ ನೋಡಿಕೊಂಡ, ಅದು ಯಾರದೋ ಕೈ ಎನ್ನುವ ಹಾಗೆ.

8 ಡಿಸೆಂಬರ್, ಭಾನುವಾರ

ಅಂಜನ್ನನ್ನು ಹೊರಗೆ ಕೂರಿಸಿ ಅಮರ್ ಎಂಬುವನನ್ನು ನನ್ನ ಪಕ್ಕಕ್ಕೆ ಹಾಕಿದರು. ಅಮರ್ ನಾಚಿಕೆಯ ಹುಡುಗ, ಬಸ್ಸಿನಲ್ಲಿ ಕಿಟಕಿ ತೆಗೆಯುವುದಕ್ಕೂ ಅಪ್ಪಣೆ ಕೇಳುತ್ತಾನೆ. ಅಂಥವನೂ ಇವತ್ತು ಹೊತ್ತಲ್ಲದ ಹೊತ್ತಿನಲ್ಲಿ ದುಡುದುಡು ಬಿದ್ದ. ಎಲ್ಲರೂ ಒಂದೇ ಅಚ್ಚು. ಸೋತೆವು.

15 ಡಿಸೆಂಬರ್, ಭಾನುವಾರ

ಸೋತೆವು.

ಕೋಚ್ ಹೇಳಿದರು, ಅಂಜನ್ನನ್ನು ಜನವರಿಯಲ್ಲಿ ಮನೆಗೆ ಕಳಿಸುವ ಯೋಚನೆಯಿದೆಯಂತೆ ಮಾಲೀಕರಿಗೆ. "ಎಡಗಡೆಯಿಂದ ಸೋರ್ತಾ ಇದೆ, ಆ ಹುಡುಗನೇ ತೂತು" ಎಂದರಂತೆ. ಎಡಗಡೆಗೆ ನೀನೊಬ್ಬ ಇದೀಯಲ್ಲ ಎಂದು ಕೋಚ್ ನನ್ನ ಬೆನ್ನು ತಟ್ಟಿದರು.

ಬಹಳ ದಿನಗಳ ಮೇಲೆ ಚೆನ್ನಾಗಿ ನಿದ್ದೆ ಬಂತು. ಏಕೆಂದು ಬರೆಯುವುದಿಲ್ಲ.

20 ಡಿಸೆಂಬರ್, ಶುಕ್ರವಾರ

ಸಾಯಂಕಾಲ ಅಂಜನ್ ಮನೆಗೆ ಬಂದ. ಹೆಗಲ ಮೇಲೆ ಅರ್ಧ ಚೀಲ ಅವರೆಕಾಯಿ. "ಅಮ್ಮ ಕಳಿಸಿದ್ರು, ಸೊಗಡು ಚೆನ್ನಾಗಿದೆ" ಎಂದು ಜ್ಯೋತಿಲಕ್ಷ್ಮಿಗೆ ಕೊಟ್ಟ. ಅವಳೂ, ಮಗಳು ಅಕ್ಷತಳೂ, ಅವನೂ ನೆಲದ ಮೇಲೆ ಕೂತು ಕಾಯಿ ಸುಲಿದರು. ನಾನು ಕುರ್ಚಿಯಲ್ಲಿ ಕೂತಿದ್ದೆ. ಇವನಿಗೆ ಕಳಿಸುವ ಸುದ್ದಿ ಗೊತ್ತಿದೆಯೋ ಇಲ್ಲವೋ, ಗೊತ್ತಿದ್ದರೆ ನನ್ನ ಹತ್ತಿರ ಏಕೆ ಬಂದ, ಗೊತ್ತಿಲ್ಲದಿದ್ದರೆ ನಾನು ಹೇಳಬೇಕೋ ಬೇಡವೋ. ಟೀ ಆರಿಹೋಯಿತು.

ಗೊತ್ತಿತ್ತು.

"ನಮ್ಮಪ್ಪ ಏರ್‌ಪೋರ್ಟ್ ಕಾರ್ಗೋದಲ್ಲಿ ಮಾತಾಡಿದಾರಂತೆ ಅಣ್ಣಾ. ಡಬ್ಬ ಎತ್ತಿಡೋ ಕೆಲ್ಸ. ಹೋಗ್ತೀನಿ ಬಿಡಿ. ಅದಲ್ಲ. ಕೆಂಪರಾಜಣ್ಣನ ಕೈ ಹಿಡ್ಕೊಂಡು ಆಡ್ತೀನಿ ಅಂತ ಊರಿಗೆಲ್ಲ ಹೇಳಿಬಿಟ್ಟಿದೀನಿ. ಈಗ ಏನಂತ ಹೇಳ್ಲಿ?"

ಜ್ಯೋತಿಲಕ್ಷ್ಮಿ ನನ್ನ ಮುಖ ನೋಡಿದಳು. ನಾನು, "ಊಟ ಮಾಡ್ಕೊಂಡು ಹೋಗು" ಎಂದೆ. ಹುಡುಗ ಮೂರು ಮುದ್ದೆ ತಿಂದ. ದುಃಖದಲ್ಲೂ ಅಷ್ಟು ತಿನ್ನುವುದನ್ನು ನೋಡಿ ಹೊಟ್ಟೆ ಉರಿಯಿತು. ನನಗೆ ಅರ್ಧವೂ ಇಳಿಯಲಿಲ್ಲ.

25 ಡಿಸೆಂಬರ್, ಬುಧವಾರ

ಇವತ್ತಿನದನ್ನು ಬರೆದೇ ಮಲಗುತ್ತೇನೆ.

ಅಕ್ಷತಳಿಗೆ ರಜೆ. ಚಪ್ಪಲಿ ಕೊಡಿಸಲು ಕರೆದುಕೊಂಡು ಹೋಗಿದ್ದೆ. ಯಲಹಂಕ ರಸ್ತೆ ದಾಟಬೇಕಿತ್ತು. ಲಾರಿ, ಕಾರು, ಒಂದರ ಹಿಂದೆ ಒಂದು. ಮಗಳ ಕೈ ಹಿಡಿದು ನಿಂತಿದ್ದೆ. ಇದ್ದಕ್ಕಿದ್ದಂತೆ ಅವಳು ರಸ್ತೆಗೆ ಓಡಿಬಿಟ್ಟಳು. ಸ್ಕೂಟರಿನವನು ಬ್ರೇಕ್ ಹಾಕಿ ಅಡ್ಡಡ್ಡ ಜಾರಿ, ಅವಳಿಗೆ ಒಂದು ಮೊಳ ದೂರದಲ್ಲಿ ನಿಂತ. ಅವನು ಬೈದದ್ದು ಒಂದೂ ಕೇಳಿಸಲಿಲ್ಲ. ಅವಳನ್ನು ಎಳೆದುಕೊಂಡು ಬಂದು ಎಲ್ಲರೆದುರಿಗೆ ಕೂಗಾಡಿದೆ.

"ಯಾರೇ ನಿಂಗೆ ಓಡು ಅಂದೋರು?"

"ನೀನೇ ಒತ್ತಿದ್ದು!" ಎಂದು ಅವಳೂ ಕೂಗಿದಳು. ಅಳು ಬಂದಿತ್ತು. "ಕೈ ಒತ್ತಿದ್ರೆ ಓಡ್ಬೇಕು ಅಂತ ನೀನೇ ಅಲ್ವಾ ಹೇಳ್ಕೊಟ್ಟಿರೋದು?"

"ನಾನು ಒತ್ತಲೇ ಇಲ್ವಲ್ಲೇ."

"ಒತ್ತಿದೆ. ಲಾರಿ ಬಂದ್ರೂ ಒತ್ತೀಯ, ನಾಯಿ ಬಂದ್ರೂ ಒತ್ತೀಯ, ಏನೂ ಬರ್ದಿದ್ರೂ ಒತ್ತೀಯ. ಯಾವ್ದು ನಿಜವಾದ್ದು ಅಂತ ನಂಗೆ ಹೆಂಗಪ್ಪಾ ಗೊತ್ತಾಗ್ಬೇಕು?"

ಚಪ್ಪಲಿ ತರಲಿಲ್ಲ.

26 ಡಿಸೆಂಬರ್, ಗುರುವಾರ

ಜ್ಯೋತಿಲಕ್ಷ್ಮಿ ಕೆಲಸದಿಂದ ಬಂದು ಕಾಲು ಚಾಚಿ ಕೂತಾಗ ಪಕ್ಕದಲ್ಲಿ ಕೂತು, "ನನ್ನ ಕೈ ಹಿಡ್ಕೋ" ಎಂದೆ.

"ಇದೇನಿದು, ಮದುವೆಯಾಗಿ ಇಷ್ಟು ವರ್ಷಕ್ಕೆ?"

"ತಮಾಷೆ ಅಲ್ಲ ಕಣೇ. ನಾನು ಕಣ್ಣು ಮುಚ್ಕೊಂಡು ಆಟದ ಯೋಚನೆ ಮಾಡ್ತೀನಿ. ಕೈ ಒತ್ತಿದ್ರೆ ಹೇಳು."

ಕಣ್ಣು ಮುಚ್ಚಿದೆ. ಹೊಸಕೋಟೆಯ ಆ ಎತ್ತರದ ರೈಡರ್ ಒಳಗೆ ಬಂದ ಎಂದುಕೊಂಡೆ. ಅವನು ಭುಜ ಅಲ್ಲಾಡಿಸಿದ.

"ಒತ್ತಿದ್ರಿ," ಎಂದಳು.

ಎಡಕ್ಕೆ ಒಂದು ಹೆಜ್ಜೆ ಇಟ್ಟ. "ಒತ್ತಿದ್ರಿ." ಸುಮ್ಮನೆ ನಿಂತ. "ಒತ್ತಿದ್ರಿ." ರೈಡರನ್ನು ಬಿಟ್ಟು ಮಾಲೀಕರ ಶಾಲನ್ನು ನೆನೆಸಿಕೊಂಡೆ. "ಅಯ್ಯೋ, ಬಳೆ ಒಡೀತೀರ, ಬಿಡ್ರಿ!"

ದೇವರಾಣೆ, ನನಗೆ ಒಂದೂ ಗೊತ್ತಾಗಲಿಲ್ಲ. ನನ್ನ ಕೈ ನನಗೆ ಹೇಳದೆ ತನ್ನ ಪಾಡಿಗೆ ತಾನು ಹೆದರುತ್ತಿದೆ.

ಅವಳು ಕೈ ತಿಕ್ಕಿಕೊಳ್ಳುತ್ತ, "ಮದುವೆ ಮಂಟಪದಲ್ಲೂ ಹಿಂಗೇ ಒತ್ತಿದ್ರಿ. ನಾನು ಪ್ರೀತಿ ಅಂದ್ಕೊಂಡಿದ್ದೆ" ಎಂದು ನಕ್ಕಳು. ನನಗೆ ನಗು ಬರಲಿಲ್ಲ. ಹೋದ ವರ್ಷದವರೆಗೆ ಪಕ್ಕದಲ್ಲಿದ್ದವರೆಲ್ಲ ನನ್ನ ಜೊತೆಯಲ್ಲೇ ಬೆಳೆದವರು, ಹಳಬರು. ಅವರು ನನ್ನ ಕೈಯನ್ನು ಲೆಕ್ಕಕ್ಕೇ ಇಟ್ಟಿರಲಿಲ್ಲ, ತಮ್ಮ ಕಣ್ಣನ್ನೇ ನಂಬಿ ಆಡುತ್ತಿದ್ದರು. ಈ ಹುಡುಗರು ಮಾತ್ರ ನನ್ನನ್ನು ನಂಬಿದರು.

29 ಡಿಸೆಂಬರ್, ಭಾನುವಾರ

ಅಂಜನ್ನನ್ನು ಕೊನೆಯದಾಗಿ ಒಮ್ಮೆ ನೋಡೋಣವೆಂದು ಮತ್ತೆ ಒಳಗೆ ಹಾಕಿದ್ದರು. ಇವತ್ತು ಏನಾದರೂ ಆಗಲಿ ಒತ್ತುವುದೇ ಇಲ್ಲ ಎಂದು ಕೈಯನ್ನು ಕಟ್ಟಿಗೆಯ ಹಾಗೆ ಬಿಟ್ಟೆ. ಒತ್ತಬೇಕಾದಾಗಲೂ ಒತ್ತಲಿಲ್ಲ. ಅಂಜನ್ ಕಾದ, ಕಾದ, ರೈಡರ್ ನಮ್ಮಿಬ್ಬರನ್ನೂ ಮುಟ್ಟಿಕೊಂಡು ಹೋದ. ಅಂಜನ್ ನನ್ನ ಮುಖ ನೋಡಿದ. ನಾನು ಬೇರೆ ಕಡೆ ನೋಡಿದೆ. ಸೋತೆವು.

2 ಜನವರಿ 2025, ಗುರುವಾರ

ಮುನಿಶಾಮಪ್ಪನವರು ಶೆಡ್ಡಿನ ಹಿಂದೆ ಮ್ಯಾಟು ಒರೆಸುತ್ತಿದ್ದರು. ಮೂರು ಸಲ ಹತ್ತಿರ ಹೋಗಿ ವಾಪಸ್ಸು ಬಂದೆ. ನಾಲ್ಕನೆಯ ಸಲ ಅವರೇ, "ಏನೋ, ಕೋಳಿ ಮೊಟ್ಟೆ ಇಡೋಕೆ ಜಾಗ ಹುಡುಕೋ ಹಂಗೆ ಓಡಾಡ್ತಿದೀಯ?" ಎಂದರು.

"ಸಾರ್, ಅಂಜನ್ನ ಕಳಿಸ್ಬೇಡಿ. ಕಾರ್ನರ್ ಅವನಿಗೆ ಕೊಡಿ. ನಾನು ಇನ್ ಆಡ್ತೀನಿ."

ಒರೆಸುವ ಬಟ್ಟೆ ಕೆಳಗಿಟ್ಟರು. "ಮೊಣಕಾಲಾ?"

ಅವರಿಗೆ ಗೊತ್ತಿತ್ತು ಮೊಣಕಾಲಿನ ವಿಷಯ! "ಅಲ್ಲ ಸಾರ್. ಕೈ."

ನನ್ನ ಕೈ ಹಿಡಿದು ನೋಡಿದರು. ಊದಿಲ್ಲ, ಉಳುಕಿಲ್ಲ. ಆದರೂ ಹಿಡಿದ ಕೈಯನ್ನು ಸ್ವಲ್ಪ ಹೊತ್ತು ಹಾಗೇ ಹಿಡಿದುಕೊಂಡಿದ್ದರು, ಆಮೇಲೆ ಬಿಟ್ಟರು. ಅಷ್ಟರಲ್ಲಿ ಕೈ ಅವರಿಗೆ ಏನು ಹೇಳಿತೋ ಕಾಣೆ.

"ನೋಡು ಕೆಂಪ," ಎಂದರು, "ಕಾರ್ನರಿನವನು ಅಂದ್ರೆ ನಾನು ಮಾಲೀಕರ ಹತ್ರ ನಿನ್ನ ಪರ ಮಾತಾಡ್ಬಹುದು. ಇನ್ ಆಡೋಕೆ ಬೀದಿಗೊಬ್ಬ ಹುಡುಗ ಸಿಗ್ತಾನೆ. ಆಮೇಲೆ ಸೀಸನ್ ಕೊನೇಲಿ ಬಂದು ಸಾರ್ ಸಾರ್ ಅನ್ಬಾರ್ದು."

"ಅನ್ನಲ್ಲ ಸಾರ್."

ಹೇಳಿ ಬಂದಾಗಿನಿಂದ ಅನ್ನುತ್ತಲೇ ಇದ್ದೇನೆ, ಒಳಗೊಳಗೆ. ಎಂಥ ಕೆಲಸ ಮಾಡಿಬಿಟ್ಟೆ! ಅರ್ಧಕ್ಕೆ ಬಿಡುವುದೇ ನನ್ನ ಹಣೆಬರಹ.

5 ಜನವರಿ, ಭಾನುವಾರ

ಉಳಿದರ್ಧ ಕಲಿಸಿದೆ. ರೈಡರಿನ ಮುಖ ನೋಡಬೇಡ, ಮುಖ ಸುಳ್ಳು ಹೇಳುತ್ತದೆ. ಭುಜವೂ ಸುಳ್ಳು. ಹಿಂಗಾಲಿನ ಹಿಮ್ಮಡಿ ನೋಡು. ಅದು ನೆಲ ಬಿಟ್ಟರೆ ಅವನು ಬರುತ್ತಾನೆ, ಊರಿದರೆ ಹೋಗುತ್ತಾನೆ. ಊರಿ ತಿರುಗುವಾಗ ಒಂದು ಗಳಿಗೆ ಎತ್ತಲೂ ಇರುವುದಿಲ್ಲ. ಆಗ.

"ಇಷ್ಟೇನಾ ಅಣ್ಣಾ?" ಎಂದ. ಇಷ್ಟೇ. ಇಷ್ಟನ್ನು ಬಚ್ಚಿಟ್ಟುಕೊಂಡು ಎರಡು ತಿಂಗಳು ಕೂತಿದ್ದೆ.

ಮ್ಯಾಚಿನಲ್ಲಿ ಮಾತ್ರ ಸೋತೆವು, ಈ ಸಲ ನನ್ನಿಂದ. ಅಂಜನ್ ಒತ್ತುವ ಮೊದಲೇ ಎರಡು ಸಲ ಬಿದ್ದೆ. ಎದ್ದು ಧೂಳು ಕೊಡವಿಕೊಳ್ಳುವಾಗ ಹುಡುಗ ಹೆದರಿ ಹೆದರಿ, "ಅಣ್ಣಾ, ನಾನು ಒತ್ತೇ ಇಲ್ಲ" ಎಂದ.

ಚಿಕ್ಕಬೀರಪ್ಪ ಆ ಕಡೆಯಿಂದ, "ಕಪ್ಪೆ ಜಾಗ ಬದಲಾಯಿಸ್ತು ಗುರು!" ಎಂದು ಕೂಗಿದ.

10 ಜನವರಿ, ಶುಕ್ರವಾರ

ಅಕ್ಷತಳೂ ನಾನೂ ಒಪ್ಪಂದ ಮಾಡಿಕೊಂಡಿದ್ದೇವೆ. ರಸ್ತೆ ದಾಟುವಾಗ ಒತ್ತುವ ಅಧಿಕಾರ ಅವಳದು. ಅವಳು ಒತ್ತಿದ ಮೇಲೆ ನಾನು ಹೆಜ್ಜೆ ಎತ್ತಬೇಕು. ಇವತ್ತು ಚಪ್ಪಲಿ ಅಂಗಡಿಗೆ ಹೋಗುವಾಗ ರಸ್ತೆ ಪೂರ್ತಿ ಖಾಲಿಯಿದ್ದರೂ ಒತ್ತದೆ ನಿಲ್ಲಿಸಿದಳು. ಒಂದು ಆಟೊ ಹೋಯಿತು, ಒಂದು ಹಸು ಹೋಯಿತು. "ಯಾಕೆ?" ಎಂದರೆ, "ಸುಮ್ನೆ, ನೋಡೋಣ ಅಂತ" ಎಂದಳು. ಬೆನ್ನಲ್ಲಿ ಇರುವೆ ಹರಿದ ಹಾಗಾಯಿತು. ಆದರೂ ನಿಂತೆ.

ಚಪ್ಪಲಿ ನೀಲಿ ಬಣ್ಣದ್ದು.

14 ಜನವರಿ, ಮಂಗಳವಾರ, ಸಂಕ್ರಾಂತಿ

ಎಳ್ಳುಬೆಲ್ಲ ಕೊಡಲು ಅಂಜನ್ ಬಂದಿದ್ದ. ನಡೆಯುವಾಗ ಎಡಪಾದವನ್ನು ಸ್ವಲ್ಪ ಹೊರಕ್ಕೆ ಇಡುತ್ತಾನೆ. ಕೇಳಿದರೆ ಏನಿಲ್ಲ ಎನ್ನುತ್ತಾನೆ. ಏನಿಲ್ಲದೆ ಪಾದ ಹೊರಕ್ಕೆ ಹೋಗುತ್ತದೆಯೇ? ಬಿಸಿನೀರಿನಲ್ಲಿ ಉಪ್ಪು ಹಾಕಿ ಇಡಿಸಿದೆ. ಕೋಚಿಗೆ ಹೇಳಿದರೆ ಹೊರಗೆ ಕೂರಿಸುತ್ತಾರೆಂದು ಹೆದರುತ್ತಾನೆ. ಹೇಳದಿದ್ದರೆ ಹೆಚ್ಚಾಗುತ್ತದೆ. ನಾನೇ ಹೇಳಿದೆ. ಅವನು ನನ್ನ ಮೇಲೆ ಮುನಿಸಿಕೊಂಡಿದ್ದಾನೆ, ಮುನಿಸಿಕೊಳ್ಳಲಿ.

ಅಮರ್‌ದು ಇನ್ನೊಂದು ಕಥೆ. ರೈಡಿಗೆ ಹೋದವನು ಕಬಡ್ಡಿ ಎಂದು ಜೋರಾಗಿ ಹೇಳುವುದಕ್ಕೆ ನಾಚುತ್ತಾನೆ. ಅಂಪೈರಿಗೆ ಕೇಳಿಸದೆ ಎರಡು ಸಲ ಔಟು ಕೊಟ್ಟಿದ್ದಾರೆ. ಮಗ್ಗ ನಡೆಯುವಾಗ ಶೆಡ್ಡಿನೊಳಗೆ ನಿಲ್ಲಿಸಿ ಹೇಳಿಸಬೇಕು. ಆ ಟಕಟಕದಲ್ಲಿ ಯಾರಿಗೂ ಕೇಳಿಸುವುದಿಲ್ಲವಲ್ಲ, ನಾಚಿಕೆ ಬಿಡುತ್ತದೆ. ನಾಳೆಯೇ ಮನೋಹರ್ ಅವರನ್ನು ಕೇಳಬೇಕು. ಅವರು ಬೈದರೆ? ಬೈಯಲಿ.

ಇನ್ನು ಬೇಸಿಗೆ ಬಂದರೆ ಈ ಹುಡುಗರು ನೀರು ಕುಡಿಯುವುದಿಲ್ಲ, ಬಣ್ಣದ ಸೋಡ ಕುಡಿಯುತ್ತಾರೆ. ಅದೊಂದು ಯೋಚನೆ.

19 ಜನವರಿ, ಭಾನುವಾರ

ದೇವನಹಳ್ಳಿಯಲ್ಲಿ ಎರಡು ಪಾಯಿಂಟಿನಿಂದ ಸೋತೆವು. ಎರಡೇ! ಅಮರ್‌ನ ಗಂಟಲು ಮ್ಯಾಟಿನ ಆಚೆಗೂ ಕೇಳಿಸಿತು. ಮೇಲೆ ವಿಮಾನ ಹೋಗುತ್ತಿದ್ದರೂ ಅಂಪೈರ್ ತಲೆ ಆಡಿಸಿದರು. ಅಂಜನ್ ನಾಲ್ಕು ಸಲ ಒತ್ತಿದ, ನಾಲ್ಕು ಸಲವೂ ರೈಡರ್ ಸಿಕ್ಕಿದ. ಐದನೆಯ ಸಲ ನಾನು ಮೊದಲೇ ಬಿದ್ದೆ. ಪಾಯಿಂಟ್ ಹೋಯಿತು.

ಬಸ್ಸಿನಲ್ಲಿ ಗಲಾಟೆಯೋ ಗಲಾಟೆ. ಸೋತು ಬರುವವರು ಹೀಗೆ ಕೂಗಾಡಬಾರದು ಎಂದೆ. ಚಿಕ್ಕಬೀರಪ್ಪ ನನ್ನ ತಲೆಯ ಮೇಲೆ ಕುಡಿಯುವ ನೀರು ಸುರಿದ.

2 ಫೆಬ್ರವರಿ, ಭಾನುವಾರ

ಕೊನೆಯ ಮ್ಯಾಚು. ನಮ್ಮೂರಲ್ಲಿ, ಹೊಸಕೋಟೆಯವರ ಮೇಲೆ. ಪೂರ್ತಿ ಬರೆಯಬೇಕು.

ಸೋತರೂ ಗೆದ್ದರೂ ನಾವು ಎಂಟರಲ್ಲಿ ಎಂಟನೆಯವರೇ, ಅದು ಮೊದಲೇ ಗೊತ್ತು. ಮನೋಹರ್ ಮುಂದಿನ ಸಾಲಿನಲ್ಲಿ ಕೂತಿದ್ದರು. ಯಾರನ್ನು ಇಟ್ಟುಕೊಳ್ಳುವುದೆಂದು ಇವತ್ತು ನೋಡಿ ಈ ವಾರ ಹೇಳುತ್ತಾರಂತೆ. ಶಾಲಿನ ಅಂಗಡಿ ಅವರ ತಮ್ಮನದೇ.

ಕೊನೆಯ ರೈಡು ಬಂತು, ಎರಡು ಕಡೆಯೂ ಪಾಯಿಂಟ್ ಸಮ. ನಮ್ಮ ಕಡೆ ಉಳಿದದ್ದು ಅಂಜನ್, ನಾನು, ಆ ತುದಿಯಲ್ಲಿ ಚಿಕ್ಕಬೀರಪ್ಪ. ಬಂದವನು ಅದೇ ಎತ್ತರದವನು. ಅವನು ಒಬ್ಬರನ್ನು ಮುಟ್ಟಿದರೆ ಅವರದು, ನಾವು ಹಿಡಿದರೆ ನಮ್ಮದು.

ಚಿಕ್ಕಬೀರಪ್ಪನ ಕಡೆಗೆ ಹೋಗಿ ಒಮ್ಮೆ ನೋಡಿ ನಮ್ಮ ಕಡೆ ತಿರುಗಿದ. ಭುಜ ಅಲ್ಲಾಡಿಸಿದ. ನನ್ನ ಮೈಯೆಲ್ಲ ಹೋಗು ಎಂದಿತು. ಅಂಜನ್ನನ ಕೈ ಸುಮ್ಮನಿತ್ತು. ರೈಡರ್ ಕಾಲು ಮುಂದಿಟ್ಟು ಎಳೆದುಕೊಂಡ. ಹೋಗು ಹೋಗು. ಕೈ ಸುಮ್ಮನಿತ್ತು. ಈ ಹುಡುಗ ಮರೆತನೇ? ಪಾದ ನೋಯುತ್ತಿದೆಯೇ? ಜನರ ಕೂಗು ಕೇಳಿ ದಿಗಿಲಾಗಿ ನಿಂತುಬಿಟ್ಟನೇ? ತಿರುಗಿ ನೋಡುವಂತಿಲ್ಲ. ರೈಡರ್ ಇನ್ನೂ ಹತ್ತಿರ ಬಂದ. ಅವನ ಬೆರಳು ನನ್ನ ಎದೆಯ ಮುಂದೆ ಆಡಿತು, ಅವನ ಬಾಯಿಯ ಕಬಡ್ಡಿ ನನ್ನ ಮುಖಕ್ಕೆ ಬಿಸಿಬಿಸಿ ಬಡಿಯಿತು. ಇಷ್ಟು ಹತ್ತಿರಕ್ಕೆ ಯಾವ ರೈಡರನ್ನೂ ನನ್ನ ಜನ್ಮದಲ್ಲಿ ಬಿಟ್ಟುಕೊಂಡವನಲ್ಲ. ಹುಡುಗನ ಕೈ ಬಾವಿಯ ಕಲ್ಲಿನ ಹಾಗೆ ತಣ್ಣಗಿತ್ತು. ನಿಂತೆ. ನನ್ನ ಕಾಲು ನನ್ನದಲ್ಲ ಎಂದುಕೊಂಡು ನಿಂತೆ.

ಒತ್ತಿದ.

ಆಮೇಲೆ ಏನಾಯಿತೆಂದು ನಾನು ನೋಡಲಿಲ್ಲ. ನನ್ನ ಎರಡು ಕೈಯಲ್ಲಿ ಒಂದು ತೊಡೆ ಇತ್ತು. ಕೆಳಗೆ ಅಂಜನ್ ರೈಡರಿನ ಪಾದಕ್ಕೆ ಕಚ್ಚಿಕೊಂಡಿದ್ದ. ಚಿಕ್ಕಬೀರಪ್ಪ ಮೂಟೆ ಬಿದ್ದ ಹಾಗೆ ಮೇಲೆ ಬಿದ್ದ. ಸೀಟಿ ಊದಿದರು. ಮಗ್ಗದವರು ಮ್ಯಾಟಿನ ಮೇಲೆ ನುಗ್ಗಿ ಹುಡುಗರನ್ನು ಎತ್ತಿಕೊಂಡರು. ಎಂಟನೆಯ ಸ್ಥಾನಕ್ಕೆ ಇಷ್ಟು ಪಟಾಕಿ ಯಾರೂ ಹೊಡೆದಿರಲಾರರು.

ಗಲಾಟೆಯಲ್ಲಿ ಅಂಜನ್ನನ ಎಡಪಾದವನ್ನು ಯಾರೋ ತುಳಿದರು. ಸ್ವಲ್ಪ ಊದಿದೆ. ಐಸ್ ಇಡಿಸಿದ್ದೇನೆ.

6 ಫೆಬ್ರವರಿ, ಗುರುವಾರ

ಸಾಯಂಕಾಲ ಮುನಿಶಾಮಪ್ಪನವರ ಫೋನು. ಮಾಲೀಕರ ಹತ್ತಿರವೇ ಕೂತು ಎದ್ದು ಬಂದರಂತೆ, ತೀರ್ಮಾನವಾಯಿತಂತೆ. ಅವರು ಇನ್ನೇನೋ ಹೇಳಲು ಶುರುಮಾಡುವಷ್ಟರಲ್ಲಿ, "ಅಂಜನ್?" ಎಂದು ಕೇಳಿದೆ.

"ಇಟ್ಕೊಂಡಿದಾರೆ. ಲೆಫ್ಟ್ ಕಾರ್ನರ್ ಅವನದೇ."

"ಅಮರ್?"

"ಹೂಂ, ಅವನೂ."

"ಸಾರ್, ಅಮರ್‌ನ ಮೊದಲನೇ ರೈಡಿಗೆ ಕಳಿಸ್ಬೇಡಿ. ಒಂದೆರಡು ಆದ್ಮೇಲೆ ಕಳಿಸಿ, ಗಂಟಲು ಬಿಡುತ್ತೆ. ಚಿಕ್ಕಬೀರಪ್ಪ?"

"ಅವನನ್ನ ಬಿಟ್ರೆ ಬಸ್ಸಲ್ಲಿ ನಮ್ಮನ್ನ ನಗಿಸೋರು ಯಾರಯ್ಯಾ?"

"ಅಂಜನ್ ಪಾದ ಒಂದ್ಸಲ ಎಕ್ಸ್‌ರೇ ತೆಗೆಸ್ಬೇಕು ಸಾರ್. ಅವನು ಏನಿಲ್ಲ ಅಂತಾನೆ, ನಂಬ್ಬೇಡಿ. ಏಪ್ರಿಲ್ ತನಕ ಓಡಿಸ್ಲೇಬಾರ್ದು."

"ಆಯ್ತು ಕಣಪ್ಪ." ಅವರ ಹಿಂದೆ ಮಗ್ಗ ನಡೆಯುವುದು ಕೇಳಿಸುತ್ತಿತ್ತು. "ಇನ್ನೇನಾದ್ರೂ ಕೇಳೋದಿದೆಯಾ ಕೆಂಪ?"

ಯೋಚಿಸಿದೆ. "ಇಲ್ಲ ಸಾರ್, ಅಷ್ಟೇ."

"ಸರಿ. ಬೆಳಿಗ್ಗೆ ಶೆಡ್ ಹತ್ರ ಬಾ." ಇಟ್ಟುಬಿಟ್ಟರು.

ಜ್ಯೋತಿಲಕ್ಷ್ಮಿ ಒಲೆಯ ಹತ್ತಿರ ಸೌಟು ಹಿಡಿದುಕೊಂಡೇ ನಿಂತಿದ್ದಳು. "ಏನಂದ್ರು?"

"ಅಂಜನ್ನ ಇಟ್ಕೊಂಡ್ರಂತೆ! ಅಮರ್‌ನೂ."

"ನಿಮ್ಮದು?"

ಫೋನನ್ನು ನೋಡಿದೆ. "ಕೇಳ್ಲಿಲ್ಲ," ಎಂದೆ.

"ಕೇಳ್ಲಿಲ್ವಾ?" ಸೌಟನ್ನು ಕೆಳಗಿಟ್ಟಳು. "ಮೂರು ತಿಂಗಳು ನನ್ನ ಪ್ರಾಣ ತಿಂದು, ಸಾಲದು ಅಂತ ಆ ಪುಸ್ತಕದ ಪ್ರಾಣ ತಿಂದು, ಕೇಳ್ಲಿಲ್ವಾ?" ಬೈಯುತ್ತಾಳೆ ಎಂದುಕೊಂಡೆ. ನನ್ನನ್ನೇ ಬಹಳ ಹೊತ್ತು ನೋಡಿ, ಸೆರಗಿನಿಂದ ಮುಖ ಒರೆಸಿಕೊಂಡಳು. "ಈಗ ಮಾಡಿ ಕೇಳ್ರಿ, ಹೋಗಿ."

ಮಾಡಬೇಕೆಂದು ಫೋನು ತೆಗೆದರೆ ಅಂಜನ್ನನ ಮಿಸ್ಡ್ ಕಾಲ್, ಒಂದರ ಕೆಳಗೆ ಒಂದು. ಅವನಿಗೆ ಇನ್ನೂ ಯಾರೂ ಹೇಳಿಲ್ಲ. ಮನೆಯಲ್ಲಿ ಸಿಗ್ನಲ್ ಸಿಗುವುದಿಲ್ಲವೆಂದು ಊರ ಹೊರಗಿನ ಟ್ಯಾಂಕಿನ ಹತ್ತಿರ ಆ ಪಾದದಲ್ಲಿ ನಿಂತುಕೊಂಡಿರುತ್ತಾನೆ. ಊಟ ಮಾಡಿರುವುದಿಲ್ಲ. ಮುನಿಶಾಮಪ್ಪನವರಿಗೆ ಆಮೇಲೆ ಮಾಡಿದರಾಯಿತು, ಅವರೆಲ್ಲಿಗೆ ಹೋಗುತ್ತಾರೆ.

ಅರ್ಧ ರಿಂಗಿಗೇ ಎತ್ತಿದ. "ಅಣ್ಣಾ" ಎಂದ.

"ಹೂಂ ಕಣೋ," ಎಂದೆ. "ಹೂಂ. ಮೊದಲು ಎಲ್ಲಾದ್ರೂ ಕೂತ್ಕೋ."